ಬ್ಯಾಟರಿ: ಒಂದಲ್ಲ, ಎರಡೂ

ಅಮ್ಮನ ಮೊಬಿಲಿಟಿ ಸ್ಕೂಟರಿಗೆ ಕಳೆದ ವರ್ಷ ಒಂದೇ ಹೊಸ ಬ್ಯಾಟರಿ ಹಾಕಿ, ಅರ್ಧ ದುಡ್ಡು ಉಳಿಸಿದೆ ಅಂತ ಬೀಗಿದ್ದೆ. ಮೂರೇ ತಿಂಗಳು. ಡಾಕ್ಟರ ಹತ್ತಿರ ಹೊರಟ ಅಮ್ಮ ಮಳೆಯಲ್ಲಿ, ನಡುದಾರಿಯಲ್ಲಿ ನಿಂತರು. ಲೆಕ್ಕ ಬರೆಯೋನೇ ಲೆಕ್ಕ ತಪ್ಪಿದ್ದೆ!

ಸಾಮಾನ್ಯವಾಗಿ ಈ ಸ್ಕೂಟರಿನಲ್ಲಿ 12 ವೋಲ್ಟಿನ ಎರಡು ಬ್ಯಾಟರಿ ಸೇರಿ 24 ವೋಲ್ಟ್ ಕೊಡುತ್ತವೆ. ಹಳೆಯದು ಬೇಗ ಬರಿದಾಗಿ ಹೊಸದನ್ನೂ ಕೆಡಿಸುತ್ತೆ. ಹಾಗಾಗಿ ಒಂದೇ ಬಗೆಯ, ಒಂದೇ ಆಂಪಿಯರ್-ಅವರಿನ ಜೋಡಿಯನ್ನೇ ಕೊಳ್ಳಿ. ಬಿಚ್ಚುವ ಮುಂಚೆ ಕೀ ತೆಗೆದಿಡಿ, ವೈರುಗಳ ಫೋಟೋ ಹೊಡೆದುಕೊಳ್ಳಿ. ಸ್ಪ್ಯಾನರ್ ಒಟ್ಟಿಗೆ ಎರಡೂ ಟರ್ಮಿನಲ್ಲಿಗೆ ತಾಗಬಾರದು. ಹಾಕಿದ ಮೇಲೆ ರಾತ್ರಿಯಿಡೀ ಚಾರ್ಜ್ ಮಾಡಿ. ಹಳೆಯವುಗಳಲ್ಲಿ ಸೀಸ ಇರುತ್ತೆ. ಕಸದ ಡಬ್ಬಿಗೆ ಹಾಕದೆ ಕೌನ್ಸಿಲಿನ ರೀಸೈಕ್ಲಿಂಗ್ ಕೇಂದ್ರಕ್ಕೆ ಕೊಡಿ.

"ಎರಡೂ ಹಾಕಿದ್ದೀಯೇನೋ?" ಅಂತ ಕೇಳಿಯೇ ಅಮ್ಮ ಈಗ ಹೊರಡೋದು.