ಜಾಂಪೊಂಗಿಗೆ ಬ್ಯಾಡಗಿ ಸಾಲದೇ?

ಚೆನ್ನೈಯಲ್ಲಿ ಕೊರಿಯಾ ಅಡುಗೆ ಅಂದ್ರೆ ನಿನ್ನೆ ಮೊನ್ನೆಯ ಫ್ಯಾಷನ್ ಅಂತ ತಿಳಿದವರಿದ್ದಾರೆ. ಅಲ್ಲ ಮಾರಾಯ್ರೆ. 1998ರಲ್ಲಿ ಶ್ರೀಪೆರಂಬುದೂರು ಕಡೆಯಿಂದ ಸ್ಯಾಂಟ್ರೊ ಕಾರು ಹೊರಬಿದ್ದಾಗಲೇ ಕೊರಿಯಾದವರು ಇಲ್ಲಿದ್ದರು. ನಾನು ಆಗ ಬ್ಯಾಂಕಿನಲ್ಲಿ ಹೊಸ ಕ್ಲರ್ಕು. ಅವರ ಹಿಂದೆಯೇ ಅವರ ಹೋಟೆಲು, ದಿನಸಿ ಅಂಗಡಿಗಳೂ ಬಂದವು, ನಮ್ಮವರು ಬಂದು ಇಲ್ಲಿ ಉಡುಪಿ ಹೋಟೆಲು ಹಾಕಿದ ಹಾಗೆ.

ಅವರ ಅಡುಗೆಯಲ್ಲಿ ನಮ್ಮ ಕರಾವಳಿಯ ನಾಲಗೆಗೆ ತಟ್ಟನೆ ಹಿಡಿಸುವುದು ಜಾಂಪೊಂಗ್. ಸಿಗಡಿ, ಬೊಂಡಾಸು, ಮರುವಾಯಿ, ಪಚ್ಚಿಲೆ ಎಲ್ಲ ಹಾಕಿದ ಕೆಂಪು ಖಾರದ ಸಾರು, ಅದರೊಳಗೆ ಗೋಧಿ ನೂಡಲ್ಸ್. ಮನೆಯಲ್ಲೇ ಮಾಡಬಹುದು. ಆದರೆ ನಮ್ಮ ಮನೆಯಲ್ಲಿ ಇದಕ್ಕೊಂದು ತಕರಾರಿದೆ. ಕೊರಿಯಾದ ಮೆಣಸಿನ ತರಿ, ಅಂದ್ರೆ ಗೊಚುಗಾರು, ಹಾಕದಿದ್ದರೆ ಅದು "ಒರಿಜಿನಲ್ ಅಲ್ಲ" ಅನ್ನುತ್ತಾಳೆ ಮಗಳು.

ಯಾವುದು ಒರಿಜಿನಲ್ ನೋಡಿ. ಜಾಂಪೊಂಗ್ ಕೊರಿಯಾದವರದ್ದೇ ಅಲ್ಲ, ಚೀನಾದ ಶಾಂಡೊಂಗ್ ಕಡೆಯಿಂದ ಇಂಚನ್ ಬಂದರಿಗೆ ವಲಸೆ ಬಂದವರದ್ದು. ಹೆಸರು ಜಪಾನಿನ ನಾಗಸಾಕಿಯ ಚಾಂಪೊನ್‌ನಿಂದ ಬಂದದ್ದು. ಅದನ್ನೂ ಅಲ್ಲಿ ಮಾಡಿದ್ದು ವಲಸೆ ಹೋದ ಚೀನಿಯರೇ. ಮೊದಲು ಈ ಸಾರು ಬಿಳಿಯದೇ ಇತ್ತು, ಕೆಂಪು ಮೆಣಸು ಕೊರಿಯಾದಲ್ಲಿ ಆಮೇಲೆ ಸೇರಿತು. ಆ ಮೆಣಸು ತಾನೇ ಎಲ್ಲಿಯದು? ಅಮೆರಿಕಾ ಖಂಡದ್ದು. ಈಗ ಕೊರಿಯನ್ ಭಾಷೆಯಲ್ಲಿ ಜಾಂಪೊಂಗ್ ಅಂದರೆ ಕಲಸುಮೇಲೋಗರ ಎಂಬ ಅರ್ಥವೂ ಇದೆ!

ಊರಿಗೆ ಹೋದಾಗ ನೆಂಟರು ಇವಳ ಮದರಾಸಿ ಕನ್ನಡ ಕೇಳಿ "ಇದೆಂಥ ಕನ್ನಡ" ಅಂತ ನಗುತ್ತಾರೆ. ಇವಳು ಮುಖ ಸಣ್ಣ ಮಾಡಿ ಒಳಗೆ ಹೋಗುತ್ತಾಳೆ. ಅಂಥವಳೇ ಮೆಣಸಿಗೆ ಪಾಸ್‌ಪೋರ್ಟ್ ಕೇಳಿದರೆ ನನಗೆ ತಡೆಯುವುದಿಲ್ಲ.

ಬ್ಯಾಡಗಿ ಮೆಣಸಿಗೆ ಬಣ್ಣ ಜಾಸ್ತಿ, ಖಾರ ಕಡಿಮೆ. ಗೊಚುಗಾರುವಿನ ಗುಣವೂ ಹೆಚ್ಚುಕಡಿಮೆ ಅದೇ, ಸ್ವಲ್ಪ ಸಿಹಿ ಹೆಚ್ಚು. ಬೀಜ ತೆಗೆದು ತರಿತರಿಯಾಗಿ ಕುಟ್ಟಿಕೊಳ್ಳಿ. ನುಣ್ಣಗಿನ ಪುಡಿ ಬೇಡ, ಎಣ್ಣೆಯಲ್ಲಿ ಸೀದು ಕಹಿಯಾಗುತ್ತದೆ. ಗುಂಟೂರು ಮೆಣಸು ಹಾಕಿದರೆ ಖಾರವೇ ಮುಂದಾಗಿ ಮೀನಿನ ರುಚಿ ಸಿಕ್ಕುವುದಿಲ್ಲ. ಕೊರಿಯಾದವರು ಮನೆಯಲ್ಲಿ ಸಾರಿನ ನೀರಿಗೆ ಒಣ ಸಣ್ಣ ಮೀನು ಕುದಿಸುತ್ತಾರೆ. ನಮಗೆ ಇಲ್ಲಿಯ ನೆತ್ತಿಲಿ ಕರುವಾಡು ಇದೆಯಲ್ಲ! ತಲೆ, ಹೊಟ್ಟೆ ತೆಗೆದು, ಮರಳು ಹೋಗುವಂತೆ ತೊಳೆದು, ಬಿಸಿ ಮಾಡಿ, ಒಂದೂವರೆ ಲೀಟರ್ ನೀರಿನಲ್ಲಿ ಹದಿನೈದು ನಿಮಿಷ ಕುದಿಸಿ ಸೋಸಿದರೆ ಆಯಿತು. ಉಪ್ಪು ಕೊನೆಗೆ, ರುಚಿ ನೋಡಿಯೇ.

ಹಾಗಂತ ಎಲ್ಲದಕ್ಕೂ ಹೂಂ ಅನ್ನುವವನು ನಾನಲ್ಲ. ನಮ್ಮೂರಿನ ಸ್ನೇಹಿತರೊಬ್ಬರು "ಒಂದು ಹಿಡಿ ಕಾಯಿ ರುಬ್ಬಿ ಹಾಕಿ, ಚೂರು ಹುಣಸೆ ಬಿಡಿ" ಅಂದರು. ಕಾಯಿ ಹಾಕಿದರೆ ಅದು ಗಸಿ ಸ್ವಾಮಿ! ಗಸಿ ಬೇಕಾದರೆ ಗಸಿಯನ್ನೇ ಮಾಡಿ, ನಾನೂ ಬರುತ್ತೇನೆ ಊಟಕ್ಕೆ. ಜಾಂಪೊಂಗಿನ ಜೀವ ಇರುವುದು ಬೆಂಕಿಯಲ್ಲಿ. ಮೂರು ಚಮಚ ಎಣ್ಣೆಗೆ ಈರುಳ್ಳಿ ಸೊಪ್ಪು, ಶುಂಠಿ, ಬೆಳ್ಳುಳ್ಳಿ. ಉರಿ ಸಣ್ಣ ಮಾಡಿ ಎರಡು ಚಮಚ ಮೆಣಸಿನ ತರಿ. ಎಣ್ಣೆ ಕೆಂಪಾದ ಕೂಡಲೇ ಉರಿ ಪೂರ್ತಿ ಏರಿಸಿ ಎಲೆಕೋಸು, ಈರುಳ್ಳಿ, ಕ್ಯಾರೆಟ್ ಹಾಕಿ ಬಾಡಿಸಿ, ಬಾಣಲೆಯ ಅಂಚಿಗೆ ಒಂದು ಚಮಚ ಸೋಯಾ ಸಾಸ್ ಸುರಿಯಬೇಕು. ಆ ಹೊಗೆಯ ವಾಸನೆ ಇಲ್ಲದಿದ್ದರೆ ಅದು ಬರೀ ಮೆಣಸಿನ ನೀರು. ಆಮೇಲೆ ಸೋಸಿದ ನೀರು. ಅದು ಕುದಿ ಬಂದಾಗ ಮರುವಾಯಿ, ಪಚ್ಚಿಲೆ, ಅವು ಬಾಯಿ ಬಿಟ್ಟ ಮೇಲೆ ಸಿಗಡಿ, ಕೊನೆಗೆ ಬೊಂಡಾಸು ಎರಡೇ ನಿಮಿಷ. ಹೆಚ್ಚು ಬೆಂದರೆ ರಬ್ಬರು. ಬಾಯಿ ಬಿಡದ ಚಿಪ್ಪನ್ನು ಎಸೆದುಬಿಡಿ. ಚಿಪ್ಪಿನೊಳಗಿನ ಮರಳಿನ ಯೋಚನೆ ಇದ್ದರೆ ಮೊದಲೇ ಉಪ್ಪುನೀರಿನಲ್ಲಿ ಒಂದೆರಡು ಗಂಟೆ ನೆನೆಸಿಡಿ.

ನೂಡಲ್ಸ್ ಬೇರೆಯೇ ಬೇಯಿಸಿ ಬಟ್ಟಲಿಗೆ ಹಾಕಿ, ಮೇಲೆ ಸಾರು ಸುರಿಯುವುದು. ಎಲ್ಲೇ ಸಿಗುವ ಹಕ್ಕಾ ನೂಡಲ್ಸ್ ನಡೆಯುತ್ತದೆ. ಅದೂ ಬೇಡ ಅನ್ನುವವರಿಗೆ ಅನ್ನ ಇದೆ. ಕೊರಿಯಾದಲ್ಲೂ ಜಾಂಪೊಂಗ್-ಬಾಪ್ ಅಂತ ಅನ್ನದ ಜೊತೆ ಕೊಡುತ್ತಾರೆ. ನಮ್ಮ ಮನೆಯಲ್ಲಿ ಅದು ಕುಚ್ಚಲಕ್ಕಿ ಅನ್ನ. ಮಗಳಿಗೆ ಅದರ ಬಗ್ಗೆ ಇನ್ನೂ ತಕರಾರು ಇಲ್ಲ.