ಸಾವು ಒಂದು, ಕಲಂ ಎರಡು

ಕಣ್ಣಿನ ಪೊರೆ ತೆಗೆಸಿಕೊಂಡ ಮೇಲೆ ನನಗೆ ಪೇಪರ್ ಓದಿ ಹೇಳುವ ಕೆಲಸ ಮೊಮ್ಮಗಳದು. ಎಂಟನೇ ಕ್ಲಾಸು. ಕಳೆದ ಭಾನುವಾರ ಜಗುಲಿಯ ಮೇಲೆ ಕೂತು ಓದುತ್ತಿದ್ದವಳು ಒಂದು ಸುದ್ದಿಗೆ ಬಂದು ನಿಂತಳು. ಹೊಲದ ಬದುವಿನ ಜಗಳ. ದೊಣ್ಣೆ ಏಟು ಬಿದ್ದು ಒಬ್ಬರು ಸತ್ತಿದ್ದರು. ಅದು ಕೊಲೆಯಲ್ಲ, ‘ಕೊಲೆಯಲ್ಲದ ದಂಡನೀಯ ನರಹತ್ಯೆ’ ಎಂದು ನ್ಯಾಯಾಲಯ ಹೇಳಿತ್ತು.

“ಇದೇನ್ ತಾತ? ಸತ್ತೋರು ಸತ್ತೇ ಹೋದ್ರಲ್ಲ. ಅವರಿಗೆ ಎರಡೂ ಒಂದೇ ತಾನೆ?”

ನಾನು ಮೂವತ್ತು ವರ್ಷ ಕೋರ್ಟಿನಲ್ಲಿ ಬೆರಳಚ್ಚುಗಾರನಾಗಿದ್ದವನು. ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ, ಈ ನಾಲ್ಕು ತಾಲ್ಲೂಕುಗಳ ಬದು, ಬಾವಿ, ಹುಣಸೆಮರದ ಜಗಳಗಳೆಷ್ಟೋ ನನ್ನ ಟೈಪ್‌ರೈಟರಿನ ಮೇಲೆ ಹಾದುಹೋಗಿವೆ. 302, 304 ಎಂದು ಎಷ್ಟು ಸಲ ಹೊಡೆದೆನೋ ಲೆಕ್ಕವಿಲ್ಲ. ಆದರೂ ಆ ಮಗುವಿಗೆ ತಟ್ಟನೆ ಉತ್ತರ ಕೊಡಲು ಆಗಲಿಲ್ಲ.

ಸುಲಭದ್ದನ್ನು ಮೊದಲು ಹೇಳಿದೆ. ಮಧುಗಿರಿಯವರೆಲ್ಲ ತುಮಕೂರು ಜಿಲ್ಲೆಯವರೇ, ಆದರೆ ತುಮಕೂರು ಜಿಲ್ಲೆಯವರೆಲ್ಲ ಮಧುಗಿರಿಯವರಲ್ಲ. ಹಾಗೆಯೇ ಕೊಲೆಗಳೆಲ್ಲ ದಂಡನೀಯ ನರಹತ್ಯೆಯೇ, ದಂಡನೀಯ ನರಹತ್ಯೆಗಳೆಲ್ಲ ಕೊಲೆಯಲ್ಲ. ಸಾಯಿಸಬೇಕೆಂದೋ, ಸಾವು ಬರಬಹುದಾದಂಥ ಗಾಯ ಮಾಡಬೇಕೆಂದೋ, ಇದರಿಂದ ಜೀವ ಹೋಗಬಹುದೆಂದು ತಿಳಿದೋ ಮಾಡಿದ ಕೆಲಸದಿಂದ ಒಬ್ಬರು ಸತ್ತರೆ ಅದು ದಂಡನೀಯ ನರಹತ್ಯೆ. ಅದರಲ್ಲಿ ತೀರಾ ಘೋರವಾದದ್ದು ಕೊಲೆ. 1860ರ ದಂಡ ಸಂಹಿತೆಯಲ್ಲಿ ಇವು 299 ಮತ್ತು 300ನೇ ಸೆಕ್ಷನ್‌ಗಳು. 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ 100 ಮತ್ತು 101. ನಂಬರು ಬದಲಾಯಿತು, ತಿರುಳು ಬದಲಾಗಲಿಲ್ಲ.

ಕಾನೂನು ಪುಸ್ತಕ ಎಂದರೆ ಒಣಗಿದ ಕಡ್ಡಿ ಎಂದುಕೊಳ್ಳಬೇಡಿ ಮಕ್ಕಳೇ. ಅದರೊಳಗೆ ಪುಟ್ಟ ಪುಟ್ಟ ಕಥೆಗಳಿವೆ. ಒಬ್ಬ ಗುಂಡಿಯ ಮೇಲೆ ಕಡ್ಡಿ ಹಾಸಿ, ಹುಲ್ಲುಹೆಂಟೆ ಮುಚ್ಚಿ, ಯಾರಾದರೂ ಬಿದ್ದು ಸಾಯಲಿ ಎಂದು ಬಿಡುತ್ತಾನೆ. ಗಟ್ಟಿ ನೆಲ ಎಂದುಕೊಂಡು ಕಾಲಿಟ್ಟವನು ಬಿದ್ದು ಸಾಯುತ್ತಾನೆ. ಇದು ದಂಡನೀಯ ನರಹತ್ಯೆ. ಇನ್ನೊಬ್ಬ ಕೋಳಿ ಕದಿಯಲು ಅದಕ್ಕೆ ಗುಂಡು ಹಾರಿಸುತ್ತಾನೆ. ಪೊದೆಯ ಹಿಂದೆ ಒಬ್ಬರಿರುವುದು ಅವನಿಗೆ ತಿಳಿದಿಲ್ಲ, ಗುಂಡು ಅವರಿಗೆ ತಗಲುತ್ತದೆ. ಕೋಳಿ ಕದಿಯುವುದು ತಪ್ಪೇ, ಆದರೂ ಇದು ದಂಡನೀಯ ನರಹತ್ಯೆಯಲ್ಲ.

“ಅಂದ್ರೆ ಮನಸ್ಸಲ್ಲಿ ಏನಿತ್ತು ಅಂತ ನೋಡ್ತಾರೆ. ಮನಸ್ಸು ಕಾಣಿಸುತ್ತಾ ತಾತ?”

ಕಾಣಿಸುವುದಿಲ್ಲ. ಅದಕ್ಕೇ ಕೋರ್ಟಿನಲ್ಲಿ ಸಣ್ಣ ಸಣ್ಣ ಪ್ರಶ್ನೆಗಳಿಗೆ ದಿನಗಟ್ಟಲೆ ಹಿಡಿಯುತ್ತದೆ. ದೊಣ್ಣೆ ಅಲ್ಲೇ ಬಿದ್ದಿತ್ತೋ, ಮನೆಯಿಂದ ತಂದದ್ದೋ? ಏಟು ಕಾಲಿಗೋ, ತಲೆಗೋ? ಬಿದ್ದ ಮೇಲೂ ಹೊಡೆದನೋ, ಹೆದರಿ ನೀರು ತಂದನೋ? ಪಾವಗಡದ ಕಡೆ ಒಂದು ಶೇಂಗಾ ಹೊಲ ಊಹಿಸಿಕೊಳ್ಳಿ. ಮೊದಲೇನೂ ಯೋಚಿಸದ ಇಬ್ಬರು ಮಾತಿಗೆ ಮಾತು ಬೆಳೆದು ಕೈಕೈ ಮಿಲಾಯಿಸುತ್ತಾರೆ, ಆ ಸಿಟ್ಟಿನಲ್ಲಿ ಒಬ್ಬ ಕೈಗೆ ಸಿಕ್ಕಿದ್ದರಲ್ಲಿ ಒಂದೇಟು ಹಾಕುತ್ತಾನೆ. ಕ್ರೌರ್ಯ ತೋರದೆ ನಡೆದ ಇಂಥ ಹಠಾತ್ ಜಗಳಕ್ಕೆ ಕಾನೂನಿನಲ್ಲಿ ವಿನಾಯಿತಿ ಇದೆ. ಅವನೇ ಮನೆಗೆ ಹೋಗಿ, ಉಂಡು, ಮಚ್ಚು ಹಿಡಿದು ಬಂದು ಬೇಲಿ ಮರೆಯಲ್ಲಿ ಕಾದು ಕೂತರೆ? ಅದು ಬೇರೆ ಮಾತು.

ಅರಳಿಕಟ್ಟೆಯಲ್ಲಿ ಕೂತವರು ‘ಒಂದೇ ಏಟಾದರೆ ಕೊಲೆ ಕೇಸು ನಿಲ್ಲಲ್ಲ’ ಎನ್ನುವುದನ್ನು ಕೇಳಿದ್ದೇನೆ. ಅದು ಶುದ್ಧ ಸುಳ್ಳು. ಪಂಜಾಬಿನ ವಿರ್ಸಾ ಸಿಂಗ್ ಹೊಟ್ಟೆಗೆ ತಿವಿದದ್ದು ಒಂದೇ ಸಲ, ಈಟಿಯಿಂದ. ಆ ಗಾಯವನ್ನು ಬೇಕೆಂದೇ ಮಾಡಿದ್ದು, ಸಹಜವಾಗಿ ಪ್ರಾಣ ತೆಗೆಯಲು ಅಷ್ಟೇ ಸಾಕಾಗಿತ್ತು, ಆದ್ದರಿಂದ ಕೊಲೆ ಎಂದು 1958ರಲ್ಲಿ ಸುಪ್ರೀಂ ಕೋರ್ಟಿನ ನ್ಯಾಯಮೂರ್ತಿ ವಿವಿಯನ್ ಬೋಸ್ ಬರೆದರು.

ಇದಕ್ಕಿಂತ ಹಳೆಯದು 1876ರ ಗೋವಿಂದನ ಮೊಕದ್ದಮೆ. ಆಗ ನಮ್ಮ ಧಾರವಾಡ, ಬೆಳಗಾವಿಗಳಿಗೂ ಹೈಕೋರ್ಟಾಗಿದ್ದ ಬೊಂಬಾಯಿಯಲ್ಲಿ ನಡೆದದ್ದು. ಗೋವಿಂದನಿಗೆ 18, ಹೆಂಡತಿಗೆ 15. ಅವಳನ್ನು ಒದ್ದು ಕೆಡವಿ, ಎದೆಯ ಮೇಲೆ ಮೊಣಕಾಲೂರಿ, ಮುಖಕ್ಕೆ ಎರಡು ಮೂರು ಸಲ ಗುದ್ದಿದ. ಮಿದುಳಿನಲ್ಲಿ ರಕ್ತಸ್ರಾವವಾಗಿ ಹುಡುಗಿ ಸತ್ತಳು. ಕೆಳಗಿನ ಕೋರ್ಟು ಗಲ್ಲು ಎಂದಿತು. ಹೈಕೋರ್ಟಿನ ಇಬ್ಬರು ನ್ಯಾಯಾಧೀಶರಲ್ಲಿ ಒಮ್ಮತವಾಗದೆ ವಿಷಯ ಮೂರನೆಯವರಾದ ಮೆಲ್ವಿಲ್ ಅವರ ಮುಂದೆ ಹೋಯಿತು. ಆಯುಧವಿರಲಿಲ್ಲ, ಕೊಲ್ಲುವ ಉದ್ದೇಶ ಕಾಣುವುದಿಲ್ಲ. ಇಂಥ ಏಟಿನಿಂದ ಸಾವು ಬರಬಹುದು, ಆದರೆ ಸಹಜವಾಗಿ ಬಂದೇ ಬರುತ್ತದೆ ಎನ್ನಲಾಗದು ಎಂದು ಅವರು ತೂಗಿದರು. ಕೊಲೆಯಲ್ಲ, ದಂಡನೀಯ ನರಹತ್ಯೆ ಎಂದು ತೀರ್ಮಾನವಾಗಿ ಗೋವಿಂದ ನೇಣಿನಿಂದ ಉಳಿದ. ಬರಬಹುದು ಮತ್ತು ಬರುತ್ತದೆ, ಈ ಎರಡು ಮಾತಿನ ನಡುವಿನ ಗೆರೆಯನ್ನು ಈಗಲೂ ಅಲ್ಲಿಂದಲೇ ಪಾಠ ಮಾಡುತ್ತಾರೆ.

ಮೊಮ್ಮಗಳ ಮುಖ ಚಿಕ್ಕದಾಯಿತು. “ಆ ಹುಡುಗಿ ನನಗಿಂತ ಎರಡು ವರ್ಷ ದೊಡ್ಡೋಳು ಅಷ್ಟೇ. ಕೇಸಿಗೆ ಅವನ ಹೆಸರು ಯಾಕೆ?”

ಮೊಕದ್ದಮೆಗೆ ಆರೋಪಿಯ ಹೆಸರಿಡುವುದು ರೂಢಿ ಎಂದೆ. ಅವಳಿಗೆ ಅದು ಉತ್ತರ ಎನಿಸಲಿಲ್ಲ. ನಿಜ ಹೇಳಬೇಕೆಂದರೆ ನನಗೂ ಅನಿಸಲಿಲ್ಲ. ಗೋವಿಂದನಿಗೆ ನೇಣು ತಪ್ಪಿದ್ದು ಸರಿ ಎಂದೇ ನನ್ನ ಅಭಿಪ್ರಾಯ. ಆದರೆ ಸತ್ತವರ ಕಡೆಯಿಂದ ನೋಡಿದರೆ ಮಗುವಿನ ಪ್ರಶ್ನೆ ಹಾಗೇ ಉಳಿಯುತ್ತದೆ.

ಇಂದಿಗೂ ಅಂತರ ಸಣ್ಣದಲ್ಲ. ಕೊಲೆಗೆ ಮರಣದಂಡನೆ, ಇಲ್ಲವೇ ಜೀವಾವಧಿ. ಕೊಲೆಯಲ್ಲದ ನರಹತ್ಯೆಯಲ್ಲಿ ಉದ್ದೇಶವಿದ್ದರೆ ಜೀವಾವಧಿ ಅಥವಾ 5ರಿಂದ 10 ವರ್ಷ. ಉದ್ದೇಶವಿಲ್ಲದೆ ತಿಳಿವಳಿಕೆ ಮಾತ್ರ ಇದ್ದರೆ ಹೆಚ್ಚೆಂದರೆ 10 ವರ್ಷ.

ಒಮ್ಮೆ ಒಬ್ಬ ಅಜ್ಜಿ ಸಾಕ್ಷಿ ಹೇಳಲು ಬಂದಿದ್ದರು. ಸತ್ತವನು ಅವರ ಮಗ, ಹೊಡೆದವನು ಮೈದುನನ ಮಗ. ದೊಣ್ಣೆ ಎಲ್ಲಿತ್ತು ಎಂದು ವಕೀಲರು ಕೇಳಿದರು. ಮನೆಯಿಂದ ತಂದ ಎಂದು ಬಿಟ್ಟಿದ್ದರೆ ಅವರ ಸಿಟ್ಟು ತೀರುತ್ತಿತ್ತೇನೋ. ಅಜ್ಜಿ ಸೆರಗು ಬಾಯಿಗೆ ಹಿಡಿದು ಸುಮಾರು ಹೊತ್ತು ಸುಮ್ಮನಿದ್ದರು. ಆಮೇಲೆ, “ಕಣದಾಗೇ ಬಿದ್ದಿತ್ತು ಸ್ವಾಮಿ, ನಮ್ದೇ ದೊಣ್ಣೆ” ಎಂದರು. ಆ ಸಾಲು ಹೊಡೆಯುವಾಗ ನನ್ನ ಬೆರಳು ಎರಡು ಸಲ ತಪ್ಪಿತು.

ಮೊಮ್ಮಗಳು ಪೇಪರ್ ಎತ್ತಿಕೊಂಡು ಆ ಸುದ್ದಿಯನ್ನು ಮೊದಲಿನಿಂದ ಮತ್ತೆ ಓದಿದಳು.

“ದೊಣ್ಣೆ ಎಲ್ಲಿಂದ ಬಂತು ಅಂತ ಇವರು ಬರೆದೇ ಇಲ್ಲ ತಾತ.”