ಅದಿರಿಗೆ ಹೆದ್ದಾರಿ, ಕಂಪ್ಲಿಗೆ ಮುಳುಗುವ ಸೇತುವೆ!

ಕನ್ನಡದ ಹುಡುಗರೇ, ಹುಡುಗಿಯರೇ, ಶುಕ್ರವಾರ ರಾತ್ರಿ ಬೆಂಗಳೂರು ಬಿಟ್ಟರೆ ಬೆಳಗಾಗುವಷ್ಟರಲ್ಲಿ ಹಂಪಿಯಲ್ಲಿರುತ್ತೀರಿ. ಚಿತ್ರದುರ್ಗ ದಾಟಿದ ಮೇಲೆ ರಸ್ತೆ ಬೆಣ್ಣೆಯಂತಿದೆ ಎಂದು ಹೊಗಳುತ್ತೀರಿ. ಹೊಗಳಿ, ಬೇಡ ಅನ್ನುವವರಾರು? ಆದರೆ ಆ ರಸ್ತೆ ಯಾರ ಅವಸರಕ್ಕೆ ಅಗಲವಾಯಿತು ಎಂದು ಒಮ್ಮೆಯಾದರೂ ಕೇಳಿದ್ದೀರಾ?

2011ಕ್ಕೆ ಹಿಂದಿನ ಹತ್ತು ವರ್ಷ ನೆನಪಿಸಿಕೊಳ್ಳಿ. ಚೀನಾಕ್ಕೆ ಕಬ್ಬಿಣದ ಹಸಿವು ಹತ್ತಿತು, ಸಂಡೂರಿನ ಗುಡ್ಡ ಲಾರಿ ಹತ್ತಿತು. ಹೊಸಪೇಟೆ, ಹುಬ್ಬಳ್ಳಿ ಹಾದು ಬೇಲೇಕೇರಿ ಬಂದರಿನವರೆಗೆ ಲಾರಿಯ ಹಿಂದೆ ಲಾರಿ. ಮರದ ಎಲೆ ಕೆಂಪು, ಮನೆಯ ಗೋಡೆ ಕೆಂಪು, ಮಕ್ಕಳ ಶಾಲೆ ಅಂಗಿಯೂ ಕೆಂಪು. 2011ರ ಜುಲೈನಲ್ಲಿ ಲೋಕಾಯುಕ್ತ ಸಂತೋಷ್ ಹೆಗ್ಡೆಯವರ ವರದಿ ಬಂತು, ಅದೇ ತಿಂಗಳು ಸುಪ್ರೀಂ ಕೋರ್ಟು ಬಳ್ಳಾರಿ ಗಣಿಗಳಿಗೆ ಬೀಗ ಹಾಕಿತು. ಆ ಬೀಗವೂ ಬಹಳ ದಿನ ಉಳಿಯಲಿಲ್ಲ. ಲಾರಿಗಳ ಭಾರಕ್ಕೆ ನುಗ್ಗಾಗಿದ್ದ ರಸ್ತೆ ಮಾತ್ರ ಚತುಷ್ಪಥವಾಯಿತು, ತುಂಗಭದ್ರಾ ಅಣೆಕಟ್ಟೆಯ ಬಳಿ ಗುಡ್ಡ ಕೊರೆದು ಸುರಂಗವೂ ಆಯಿತು.

ಈಗ ಗಂಡುಗಲಿ ಕುಮಾರರಾಮನ ಕಂಪ್ಲಿಗೆ ಬನ್ನಿ. ಹೊಳೆ ದಾಟಿದರೆ ಗಂಗಾವತಿ ರಸ್ತೆ. ಅಣೆಕಟ್ಟೆಯಿಂದ ಹೆಚ್ಚು ನೀರು ಬಿಟ್ಟರೆ ಸೇತುವೆ ಮಾಯ! 2019ರಲ್ಲಿ ಮುಳುಗಿತು, 2022ರಲ್ಲಿ ಮುಳುಗಿತು. ಆಗ ಬುಕ್ಕಸಾಗರ-ಕಡೇಬಾಗಿಲು ಸೇತುವೆ ಸುತ್ತಿ ಹೋಗಬೇಕು. ಭತ್ತದ ಟ್ರ್ಯಾಕ್ಟರಿಗೂ ಅದೇ ಸುತ್ತು, ಹೆರಿಗೆ ನೋವು ಬಂದ ತಾಯಿಗೂ ಅದೇ ಸುತ್ತು. ಗುಡ್ಡ ಕೊರೆಯಲು ಬಂದ ಜಾಣತನ ಹೊಳೆಯ ಮುಂದೆ ಎಲ್ಲಿ ಹೋಯಿತು ಸ್ವಾಮಿ?

ಹಂಪಿ ಸ್ಮಾರಕಗಳ ತೊಡಕು ಎಂದು ಯಾರಾದರೂ ಹೇಳಿದರೆ ನಂಬಬೇಡಿ. ಆ ತೊಡಕು ತಳವಾರಘಟ್ಟದ ಸೇತುವೆಗೆ ಇತ್ತು. ಅದರ ದೆಸೆಯಿಂದ 1999ರಲ್ಲಿ ಹಂಪಿ ಯುನೆಸ್ಕೋದ ಅಪಾಯದ ಪಟ್ಟಿಗೆ ಬಿತ್ತು, 2006ರಲ್ಲಿ ಹೊರಬಂತು. 2009ರ ಜನವರಿಯಲ್ಲಿ ಆ ಸೇತುವೆಯೇ ಕುಸಿದು ಬಡ ಕೂಲಿಕಾರರು ಸತ್ತರು. ಸ್ಮಾರಕ ಉಳಿಯಲಿ, ನಮ್ಮದೂ ಅದೇ ಮಾತು. ಆದರೆ ಕಂಪ್ಲಿ ಸೇತುವೆಗೆ ಯಾವ ವಿರೂಪಾಕ್ಷ ಅಡ್ಡ ನಿಂತಿದ್ದಾನೆ?

ಹೆಸರಿನ ವಿಷಯಕ್ಕೂ ಇದೇ ಕಥೆ. 2010ರಲ್ಲಿ ದಿಲ್ಲಿಯವರು ನಮ್ಮ 13ನೇ ಹೆದ್ದಾರಿಯನ್ನು 50 ಮಾಡಿದರು, 63ನ್ನು 67 ಮಾಡಿದರು. ಒಂದೇ ಒಂದು ಸುತ್ತೋಲೆ, ಕೆಲಸ ಮುಗಿಯಿತು. ‘ಹಾಸ್ಪೆಟ್’ ಹೋಗಿ ಇಂಗ್ಲಿಷಿನಲ್ಲೂ ಹೊಸಪೇಟೆ ಆಗಲು ಮಾತ್ರ 2014ರ ನವೆಂಬರ್ 1ರವರೆಗೆ ಕಾಯಬೇಕಾಯಿತು.

ಮುಂದಿನ ಸಲ ಟೋಲ್ ಗೇಟಿನಲ್ಲಿ ಕನ್ನಡದಲ್ಲೇ ಮಾತಾಡಿ. ಅಲ್ಲಿ ಕೂತವನು ಕೂಡ್ಲಿಗಿ, ಹೊಸಪೇಟೆ ಕಡೆಯ ಹುಡುಗನೋ ಅಲ್ಲವೋ ವಿಚಾರಿಸಿ. ಹಂಪಿಯಲ್ಲಿ ಫೋಟೋ ತೆಗೆಸಿಕೊಂಡ ಮೇಲೆ ಅರ್ಧ ದಿನ ಉಳಿಸಿಕೊಂಡು ಕಂಪ್ಲಿಗೆ ಹೋಗಿ, ಸೇತುವೆಯ ಮೇಲೆ ನಿಂತು ನೋಡಿ. ಊರಿಗೆ ಬಂದು ಲೋಕೋಪಯೋಗಿ ಸಚಿವರಿಗೆ ಒಂದು ಕಾಗದ ಬರೆಯಿರಿ: ಎತ್ತರದ ಸೇತುವೆಯ ಮೇಲೆ ಬಸ್ಸು ಓಡುವ ದಿನ ಯಾವುದು? ಭರವಸೆ ಬೇಡ, ತಾರೀಖು ಕೇಳಿ.